ಆರು ಓಣಿಗಳ ಇರುಳು

ಟೋಕಿಯೋ ನಗರದ ಶಿಂಜುಕು ರೈಲು ನಿಲ್ದಾಣದಿಂದ ಪೂರ್ವಾಭಿಮುಖವಾಗಿ ಹೊರಟು, ಕಬುಕಿಚೋ ಎಂಬ ವಿನೋದಪೇಟೆಯ ದೀಪಾಡಂಬರವನ್ನು ಹಾದು, ಹನಝೊನೊ ದೇವಾಲಯದ ಮಗ್ಗುಲಿಗೆ ಬಂದರೆ, ಎದುರು ಬಂದವರಿಗೆ ಮೈ ಓರೆಮಾಡಿ ದಾರಿ ಬಿಡಬೇಕಾಗುವಷ್ಟು ಇಕ್ಕಟ್ಟಾದ ಆರು ಓಣಿಗಳು ಕಾಣಬರುತ್ತವೆ. ಒಂದಕ್ಕೊಂದು ಆತುಕೊಂಡು ನಿಂತ ಇಲ್ಲಿನ ಎರಡಂತಸ್ತಿನ ಮರದ ಕಟ್ಟಡಗಳಲ್ಲಿ ಇನ್ನೂರಕ್ಕೂ ಮಿಕ್ಕ ಪಾನಗೃಹಗಳಿವೆ. ಗೋಲ್ಡನ್ ಗಾಯ್ ಎಂಬುದು ಈ ಸ್ಥಳದ ಹೆಸರು.

ಎರಡನೆಯ ಮಹಾಯುದ್ಧಾನಂತರ ನಿಲ್ದಾಣದ ಬಳಿ ಹುಟ್ಟಿಕೊಂಡಿದ್ದ ಕಾಳಸಂತೆಯವರನ್ನು ಎಬ್ಬಿಸಿದಾಗ ಅವರಲ್ಲಿ ಹಲವರು ಇಲ್ಲಿ ನೆಲೆಯೂರಿದರು. ಕೆಲಕಾಲ ಗುಟ್ಟಾಗಿ ವೇಶ್ಯಾವೃತ್ತಿಯೂ ನಡೆಯಿತು. 1958ರಲ್ಲಿ ಅದರ ನಿಷೇಧ ಪೂರ್ಣವಾಗಿ ಜಾರಿಗೆ ಬಂದ ಮೇಲೆ ಆ ಮನೆಗಳೇ ಮದ್ಯದಂಗಡಿಗಳಾಗಿ, ಲೇಖಕರಿಗೂ ರಂಗಕರ್ಮಿಗಳಿಗೂ ಚಿತ್ರನಿರ್ದೇಶಕರಿಗೂ ರಾತ್ರಿಯ ತಂಗುದಾಣವಾದವು.

ಅಂಗಡಿಯ ಒಳಗನ್ನು ನೋಡಬೇಕು. ಒಂದು ಉದ್ದನೆಯ ಕಟ್ಟೆ, ಅದರ ಮುಂದೆ ಆರೋ ಎಂಟೋ ಪೀಠಗಳು, ಹಿಂದೆ ಗಿರಾಕಿಗಳು ‘ಮಾಮಾ’ ಎಂದು ಕರೆಯುವ ಒಡತಿ. ಅವಳ ಬೆನ್ನ ಹಿಂದಿನ ಗೂಡುಗಳಲ್ಲಿ, ಮತ್ತೆ ಬಂದೇ ಬರುವೆನೆಂದು ಹಣ ತೆತ್ತು ಬಿಟ್ಟುಹೋದವರ ಹೆಸರು ಹೊತ್ತ ಸೀಸೆಗಳು. ಒಂಟಿಯಾಗಿ ಬಂದ ಅಪರಿಚಿತನು ಕುಳಿತೊಡನೆ ಚಿಕ್ಕ ಬಟ್ಟಲಲ್ಲಿ ಏನಾದರೊಂದು ತಿನಿಸು ಬರುತ್ತದೆ. ಎಲ್ಲಿಂದ ಬಂದಿರೆಂದು ಮಾಮಾ ಕೇಳಿದ ಪ್ರಶ್ನೆಗೆ ಅವನು ಕೊಡುವ ಉತ್ತರ, ಕೋಣೆ ಅಷ್ಟು ಕಿರಿದಾದುದರಿಂದಲೇ, ಎಲ್ಲರ ಕಿವಿಗೂ ಬಿದ್ದು, ಪಕ್ಕದ ಗುಮಾಸ್ತನೋ ಆಚೆಯ ಛಾಯಾಗ್ರಾಹಕನೋ ಮಾತಿಗೆ ಮಾತು ಸೇರಿಸುತ್ತಾನೆ. ನಡುರಾತ್ರಿ ದಾಟಿ ಕಡೆಯ ರೈಲು ಹೊರಟುಹೋದ ಮೇಲೆ ಉಳಿದವರು, ಬೆಳಗಿನ ಮೊದಲ ರೈಲಿನವರೆಗೆ ಒಬ್ಬರಿಗೊಬ್ಬರು ಆಸರೆಯಾಗುತ್ತಾರೆ. ನಾನು ಮದ್ಯವನ್ನು ಹೊಗಳುತ್ತಿಲ್ಲ. ಊಲಾಂಗ್ ಚಹಾ ಕುಡಿಯುವವನಿಗೂ ಈ ಮಾತುಕತೆಯಲ್ಲಿ ಸಮಪಾಲುಂಟು. ಕೋಟಿಗೂ ಮಿಕ್ಕ ಜನರ ನಡುವೆ ಮಾತಿಲ್ಲದೆ ದಿನ ಕಳೆದವನಿಗೆ ಆ ಇಕ್ಕಟ್ಟೇ ಉಪಕಾರಿ ಎಂಬುದು ನನ್ನ ದೃಢವಾದ ನಂಬಿಕೆ.

ಫ್ರೆಂಚ್ ನಿರ್ದೇಶಕ ಕ್ರಿಸ್ ಮಾರ್ಕರನ 1962ರ ಚಿತ್ರದ ಹೆಸರನ್ನೇ ಇಟ್ಟುಕೊಂಡು 1974ರಲ್ಲಿ ತೆರೆದ ‘ಲಾ ಜೆತೇ’ ಎಂಬ ಪಾನಗೃಹವೂ ಇಲ್ಲಿನದೇ; ಪರದೇಶದ ಚಿತ್ರಕರ್ಮಿಗಳು ಅದನ್ನು ಹುಡುಕಿಕೊಂಡು ಬರುತ್ತಾರೆ.

1980ರ ದಶಕದಲ್ಲಿ ನೆಲದ ಬೆಲೆ ಗಗನಕ್ಕೇರಿ, ಜಾಗ ತೆರವು ಮಾಡಿಸುವ ದುರಾಸೆಯಿಂದ ಟೋಕಿಯೋದ ಹಳೆಯ ಕೇರಿಗಳಿಗೆ ಬೆಂಕಿಯಿಡುತ್ತಿದ್ದ ಕಾಲದಲ್ಲಿ, ಇಲ್ಲಿನ ಬೆಂಬಲಿಗರು ಸರದಿಯಂತೆ ರಾತ್ರಿ ಕಾವಲು ನಿಂತು ಈ ಓಣಿಗಳನ್ನು ಉಳಿಸಿಕೊಂಡರು. ಈಗ ಪ್ರವಾಸಿಗರ ದಟ್ಟಣೆಯೇ ಬೇರೊಂದು ಭಾರವಾಗಿದೆ.

ಆದುದರಿಂದ ಅಲ್ಲಿಗೆ ಹೋಗುವ ಕನ್ನಡಿಗರಲ್ಲಿ ನನ್ನ ವಿನಂತಿ: ಗುಂಪುಕಟ್ಟಿ ಹೋಗಬೇಡಿ, ಒಬ್ಬರೋ ಇಬ್ಬರೋ ಹೋಗಿ, ಆಸನದ ಶುಲ್ಕ ಎಷ್ಟೆಂದು ಬಾಗಿಲಲ್ಲೇ ನೋಡಿಕೊಳ್ಳಿ, ಅನುಮತಿಯಿಲ್ಲದೆ ಚಿತ್ರ ತೆಗೆಯಬೇಡಿ, ಹಳಬರಿಗೆ ಮಾತ್ರ ಪ್ರವೇಶವೆಂದರೆ ಬೇಸರಿಸದೆ ಪಕ್ಕದ ಬಾಗಿಲನ್ನು ತಟ್ಟಿ.