ಅಂಗಡಿಯ ಸಾಲ, ರಾಜ್ಯದ ಸಾಲ

ವಿಧಾನಸಭೆಯ ಚುನಾವಣೆ ಬಂದಾಗಲೆಲ್ಲ ನಮ್ಮ ಊರುಗಳಲ್ಲಿ ಕೇಳಿಬರುವ ಮಾತೊಂದುಂಟು: 'ಅವರು ವ್ಯಾಪಾರಸ್ಥರು, ಲೆಕ್ಕಾಚಾರ ಬಲ್ಲವರು, ಅಂಗಡಿ ನಡೆಸಿದವರು ರಾಜ್ಯವನ್ನೂ ನಡೆಸಿಯಾರು.' ಈ ಮಾತು ಪೂರ್ತಿ ಸುಳ್ಳೆಂದು ನಾವು ಹೇಳಲಾರೆವು. ಆದರೆ ಗ್ರೀಕ್ ತತ್ತ್ವಜ್ಞಾನಿ ಅರಿಸ್ಟಾಟಲನು ತನ್ನ 'ರಾಜನೀತಿ'ಯ ಮೊದಲ ಪುಟದಲ್ಲಿಯೇ, ಮನೆವಾರ್ತೆಗೂ ರಾಜ್ಯದ ಆಡಳಿತಕ್ಕೂ ಇರುವ ವ್ಯತ್ಯಾಸ ಕೇವಲ ಜನರ ಸಂಖ್ಯೆಯದೆಂದು ತಿಳಿಯುವವರನ್ನು ತಿದ್ದಲು ಹೊರಡುತ್ತಾನೆ. ಆ ತಿದ್ದುಪಡಿಗೆ ಎಷ್ಟು ಅರ್ಥವಿದೆಯೆಂಬುದನ್ನು ಒಬ್ಬ ಅಂಗಡಿಕಾರನ ಕಥೆಯಿಂದ ನೋಡೋಣ. ಆತ ಮುಂದೆ ಅಮೆರಿಕದ ಅಧ್ಯಕ್ಷನಾದ ಅಬ್ರಹಾಂ ಲಿಂಕನ್.

ಲಿಂಕನ್ನನ ಹೆಸರನ್ನು ಅರಿಯದ ಓದುಗರಿಲ್ಲ. ಆತ ಮಗನ ಅಧ್ಯಾಪಕರಿಗೆ ಬರೆದನೆಂಬ ಪತ್ರವೊಂದು ನಮ್ಮ ಎಷ್ಟೋ ಶಾಲೆಗಳ ಗೋಡೆಯ ಮೇಲೆ ಚೌಕಟ್ಟು ಹಾಕಿಸಿಕೊಂಡು ನಿಂತಿದೆ. ಅದು ಆತನದೆನ್ನಲು ಯಾವ ಆಧಾರವೂ ಇಲ್ಲವೆಂಬುದು ಬೇರೆ ವಿಷಯ. ಆದರೆ ಆತ ಇಲಿನಾಯ್ ರಾಜ್ಯದ ಪ್ರತಿನಿಧಿ ಸಭೆಯಲ್ಲಿ ಎಂಟು ವರ್ಷ ಶಾಸಕನಾಗಿದ್ದನೆಂಬುದು, ಅದಕ್ಕೂ ಮೊದಲು ದಿವಾಳಿಯೆದ್ದ ಅಂಗಡಿಯೊಂದರ ಪಾಲುಗಾರನಾಗಿದ್ದನೆಂಬುದು ಅಷ್ಟಾಗಿ ಪ್ರಚಾರದಲ್ಲಿಲ್ಲ. ಗೋಡೆಗೆ ತೂಗುಹಾಕುವಂಥ ಕಥೆ ಅದಲ್ಲ.

1831ರಲ್ಲಿ, 22ರ ಪ್ರಾಯದಲ್ಲಿ, ಆತ ನ್ಯೂ ಸೇಲಂ ಎಂಬ ಹಳ್ಳಿಗೆ ಬಂದ. ಸ್ಯಾಂಗಮನ್ ನದಿಯ ದಂಡೆಯ ಗುಡ್ಡದ ಮೇಲೆ ಕೆಲವು ಮರದ ಮನೆಗಳು, ಒಂದು ಗಿರಣಿ: ಅಷ್ಟೇ ಊರು. ಡೆಂಟನ್ ಆಫಟ್ ಎಂಬವನ ಅಂಗಡಿಯಲ್ಲಿ ಗುಮಾಸ್ತನಾದ. ಆ ಅಂಗಡಿ ವರ್ಷವೊಂದರಲ್ಲೇ ಮುಚ್ಚಿತು. 1832ರ ಮಾರ್ಚಿನಲ್ಲಿ, ಶಾಲೆಯ ಮುಖವನ್ನು ಹೆಚ್ಚು ಕಾಣದ ಈ ತರುಣ, ರಾಜ್ಯದ ಪ್ರತಿನಿಧಿ ಸಭೆಗೆ ಸ್ಪರ್ಧಿಸುವೆನೆಂದು ಪತ್ರಿಕೆಯಲ್ಲಿ ಪ್ರಕಟಿಸಿದ. ಆ ಪ್ರಕಟಣೆ ಇಂದಿಗೂ ಓದತಕ್ಕದ್ದು. ಮಿತಿಮೀರಿದ ಬಡ್ಡಿಯನ್ನು ಕಾನೂನು ತಡೆಯಬೇಕು, ವಿದ್ಯೆ ಎಲ್ಲರಿಗೂ ಸಿಗಬೇಕು ಎಂದ. ರೈಲುಮಾರ್ಗ ಒಳ್ಳೆಯದೇ, ಆದರೆ ಅದಕ್ಕೆ ತಗಲುವ ಅಂದಾಜು 2,90,000 ಡಾಲರು ಎದೆ ನಡುಗಿಸುವಂಥದು. ಆದುದರಿಂದ ನಮ್ಮ ನದಿಯನ್ನೇ ಸರಿಪಡಿಸಿ ದೋಣಿ ಸಾಗಿಸೋಣ ಎಂದ. ಇದು ನಿಜವಾಗಿ ಅಂಗಡಿಯವನ ವಿವೇಕ. ಈ ಅಂಕಿಯನ್ನು ಓದುಗರು ನೆನಪಿನಲ್ಲಿಡಬೇಕು.

ಆ ಸಲ ಆತ ಸೋತ. ಆದರೆ ಆತನನ್ನು ದಿನವೂ ಕಂಡಿದ್ದ ನ್ಯೂ ಸೇಲಂ ಮತಗಟ್ಟೆಯಲ್ಲಿ 300 ಮತಗಳಲ್ಲಿ 277 ಆತನಿಗೇ ಬಿದ್ದಿದ್ದವು.

ಬಳಿಕ ವಿಲಿಯಂ ಬೆರ್ರಿ ಎಂಬವನೊಡನೆ ಸೇರಿ ಸ್ವಂತ ಅಂಗಡಿಯಿಟ್ಟ. ಕೈಯಲ್ಲಿ ಹಣವಿಲ್ಲ; ಸರಕು, ಪಾಲು ಎಲ್ಲವನ್ನೂ ಪ್ರೊನೋಟು ಬರೆದುಕೊಟ್ಟು ಕೊಂಡದ್ದು. ಊರು ಬೆಳೆಯುವುದೆಂದು ನಂಬಿದ್ದರು, ಅದು ಬೆಳೆಯಲಿಲ್ಲ. ಅಂಗಡಿ ಕಣ್ಣುಮುಚ್ಚಿತು. 1835ರ ಜನವರಿಯಲ್ಲಿ ಬೆರ್ರಿ ತೀರಿಕೊಂಡಾಗ ಇಬ್ಬರ ಸಾಲವೂ ಒಬ್ಬನ ತಲೆಯ ಮೇಲೆ ಬಂತು: ಸುಮಾರು 1,100 ಡಾಲರು. ಅದಕ್ಕೆ ಕೆಲವು ತಿಂಗಳು ಮುಂಚೆಯೇ ಸಾಲಗಾರನೊಬ್ಬನ ದಾವೆಯಿಂದ ಆತನ ಕುದುರೆ ಮತ್ತು ಮೋಜಣಿಯ ಉಪಕರಣಗಳು ಜಪ್ತಿಯಾಗಿ ಹರಾಜಿಗೆ ಬಂದಿದ್ದವು. ಜೇಮ್ಸ್ ಶಾರ್ಟ್ ಎಂಬ ನೆರೆಯ ರೈತ ಅವನ್ನು ಹರಾಜಿನಲ್ಲಿ ಕೊಂಡು ಆತನಿಗೇ ಮರಳಿಸಿದ. ಗಡಿನಾಡಿನಲ್ಲಿ ಸಾಲ ಮಾಡಿದವನು ರಾತ್ರೋರಾತ್ರಿ ಇನ್ನೂ ಪಶ್ಚಿಮಕ್ಕೆ ಓಡಿಹೋಗುವುದು ಆ ಕಾಲದಲ್ಲಿ ಅಪರೂಪವಾಗಿರಲಿಲ್ಲ. ಲಿಂಕನ್ ಓಡಲಿಲ್ಲ. ಅಂಚೆ ಮಾಸ್ತರನಾಗಿ, ಜಮೀನು ಅಳೆಯುವವನಾಗಿ, ಆ ಮೇಲೆ ವಕೀಲನಾಗಿ, ಹದಿನೈದು ವರ್ಷಗಳಷ್ಟು ಕಾಲ ಸ್ವಲ್ಪ ಸ್ವಲ್ಪವಾಗಿ ತೀರಿಸಿದ. ಅದನ್ನು ಆತ ತಮಾಷೆಗೆ 'ರಾಷ್ಟ್ರೀಯ ಸಾಲ' ಎಂದು ಕರೆಯುತ್ತಿದ್ದ.

1834ರ ಆಗಸ್ಟಿನಲ್ಲಿ ಗೆದ್ದ. ಸಭೆಗೆ ಹೋಗಲು ತಕ್ಕ ಉಡುಪಿಲ್ಲದೆ ಕೋಲ್‌ಮನ್ ಸ್ಮೂಟ್ ಎಂಬ ಹಿತೈಷಿಯಿಂದ 200 ಡಾಲರು ಕಡ ತಂದ. ಶಾಸಕರ ಭತ್ಯೆ ದಿನಕ್ಕೆ 3 ಡಾಲರು. ವರ್ಷವಿಡೀ ಸಭೆ ಕೂತು ಪೈಸೆ ಖರ್ಚು ಮಾಡದಿದ್ದರೂ ಅಂಗಡಿಯ ಸಾಲ ತೀರುವುದಕ್ಕೆ ಅದು ಸಾಲದು. ಹೀಗೆ ಸಾಲಗಾರನಾಗಿಯೇ ರಾಜಧಾನಿ ವ್ಯಾಂಡೇಲಿಯಾ ಪ್ರವೇಶಿಸಿದ. 1836, 1838, 1840ರಲ್ಲಿಯೂ ಜನ ಆತನನ್ನು ಆರಿಸಿದರು. ಶಾಸಕನಾಗಿರುವಾಗಲೇ ಕಾನೂನು ಓದಿ 1836ರ ಸೆಪ್ಟೆಂಬರಿನಲ್ಲಿ ವಕೀಲಿಯ ಪರವಾನಗಿ ಪಡೆದ.

ಈಗ ಆ ಅಂಕಿಯ ವಿಷಯ. 1837ರ ಫೆಬ್ರವರಿ 27ರಂದು ಇಲಿನಾಯ್ ಶಾಸನಸಭೆ ಸುಮಾರು 1 ಕೋಟಿ ಡಾಲರುಗಳ ಅಭಿವೃದ್ಧಿ ಯೋಜನೆಯೊಂದನ್ನು ಅಂಗೀಕರಿಸಿತು: ರಾಜ್ಯದ ಉದ್ದಗಲ ರೈಲುಮಾರ್ಗ, ನದಿಗಳ ದುರಸ್ತಿ, ರೈಲು ಸಿಗದ ಜಿಲ್ಲೆಗಳು ಮುನಿಯಬಾರದೆಂದು ಅವುಗಳಿಗೆ ಹಂಚಲು 2 ಲಕ್ಷ ಡಾಲರು. (ಈ ಕೊನೆಯ ಏರ್ಪಾಡಿನ ಜಾಣ್ಮೆ ನಮ್ಮ ಓದುಗರಿಗೆ ವಿವರಿಸಬೇಕಾಗಿಲ್ಲ.) 1840ರ ಜನಗಣತಿಯಲ್ಲಿಯೂ ರಾಜ್ಯದ ಜನಸಂಖ್ಯೆ 5 ಲಕ್ಷ ಮುಟ್ಟಿರಲಿಲ್ಲ, ಅಂದರೆ ಹಸುಗೂಸೂ ಸೇರಿ ತಲೆಗೆ 20 ಡಾಲರಿಗೂ ಮಿಗಿಲಾದ ಹೊರೆ. ಐದು ವರ್ಷಗಳ ಹಿಂದೆ 2,90,000ಕ್ಕೆ ನಡುಗಿದ ಎದೆ ಈಗ ನಡುಗಲಿಲ್ಲ. ಲಿಂಕನ್ ಯೋಜನೆಯ ಪರವಾಗಿ ಮತ ಕೊಟ್ಟ. ಮರುದಿನ, ಫೆಬ್ರವರಿ 28ರಂದು, ರಾಜಧಾನಿಯನ್ನು ಆತನ ಜಿಲ್ಲೆಯ ಸ್ಪ್ರಿಂಗ್‌ಫೀಲ್ಡಿಗೆ ತರುವ ನಿರ್ಣಯವೂ ಆಯಿತು. ಒಂದಕ್ಕೊಂದು ಕೊಟ್ಟು ತೆಗೆದುಕೊಂಡರೆಂಬ ಆಪಾದನೆ ಅಂದೇ ಹುಟ್ಟಿತು. ಪಾಲ್ ಸೈಮನ್ 1965ರ ತಮ್ಮ ಗ್ರಂಥದಲ್ಲಿ ಸಭೆಯ ದಾಖಲೆಗಳನ್ನು ಪರಿಶೀಲಿಸಿ ಆ ಆಪಾದನೆಯನ್ನು ಒಪ್ಪಲಿಲ್ಲ. ಸೈಮನ್ನರ ಮಾತಿಗೆ ತೂಕವಿದೆ: ಅವರೂ ಇಲಿನಾಯಿಯ ಚಿಕ್ಕ ಊರೊಂದರಲ್ಲಿ ಪತ್ರಿಕೆ ನಡೆಸಿ, ಅದೇ ಶಾಸನಸಭೆಗೆ ಆರಿಸಿ ಬಂದವರು. ಒಪ್ಪಂದ ಇರಲಿ, ಇಲ್ಲದಿರಲಿ, ಮತವಂತೂ ಆತನದೇ.

ಅದೇ ವಾರ ನಡೆದ ಇನ್ನೊಂದು ಸಂಗತಿಯನ್ನು ಹೇಳದೆ ಬಿಟ್ಟರೆ ಅನ್ಯಾಯವಾದೀತು. ಜನವರಿಯಲ್ಲಿ ಪ್ರತಿನಿಧಿ ಸಭೆ ಗುಲಾಮಗಿರಿಯ ವಿರೋಧಿಗಳನ್ನು ಖಂಡಿಸುವ ನಿರ್ಣಯವನ್ನು 77ಕ್ಕೆ 6 ಮತಗಳಿಂದ ಅಂಗೀಕರಿಸಿತ್ತು. ಆ ಆರರಲ್ಲಿ ಲಿಂಕನ್ ಒಬ್ಬ. ಮಾರ್ಚ್ 3ರಂದು ಆತ ಡ್ಯಾನ್ ಸ್ಟೋನ್ ಎಂಬ ಸಹಸದಸ್ಯನೊಡನೆ, ಗುಲಾಮಗಿರಿ ಅನ್ಯಾಯವೂ ದುರ್ನೀತಿಯೂ ಆಗಿದೆಯೆಂಬ ಪ್ರತಿಭಟನೆಯನ್ನು ದಾಖಲೆಗೆ ಸೇರಿಸಿದ. ಗುಲಾಮಗಿರಿಯನ್ನು ಕೂಡಲೇ ತೊಡೆಯಬೇಕೆಂಬವರ ಪ್ರಚಾರವೂ ಕೇಡನ್ನು ಹೆಚ್ಚಿಸುವುದೆಂದು ಅದರಲ್ಲೇ ಸೇರಿಸಿದ. ರಾಜಧಾನಿಯ ವಿಷಯ ಇತ್ಯರ್ಥವಾಗುವವರೆಗೆ ಕಾದ. ಎಚ್ಚರಿಕೆಯ ಮನುಷ್ಯ. ಆದರೂ ಹೆಸರು ಹಾಕಿದವರು ಇಬ್ಬರೇ.

ಮೇ ತಿಂಗಳಲ್ಲಿ ನ್ಯೂಯಾರ್ಕಿನ ಬ್ಯಾಂಕುಗಳು ನಾಣ್ಯದಲ್ಲಿ ಹಣ ಕೊಡುವುದನ್ನು ನಿಲ್ಲಿಸಿದವು. ದೇಶವಿಡೀ ಆರ್ಥಿಕ ಕುಸಿತ. ವಿವೇಕಿಗಳು ಯೋಜನೆಯನ್ನು ಕೈಬಿಡಿರೆಂದರು. ಇಷ್ಟು ದೂರ ಬಂದ ಮೇಲೆ ಹಿಂದಿರುಗಲಾಗದು ಎಂಬ ಪಕ್ಷದಲ್ಲಿ ಲಿಂಕನ್ ನಿಂತ. ಪ್ರೊನೋಟಿಗೆ ಸಹಿ ಹಾಕಿದವನು ಮಾತು ಮುರಿಯಬಾರದೆಂಬ ನ್ಯೂ ಸೇಲಂನ ಹಟವನ್ನೇ ಆತ ಇಲ್ಲಿಗೂ ತಂದನೆಂದು ನಮಗೆ ತೋರುತ್ತದೆ. ಅಲ್ಲಿ ಅದು ಸದ್ಗುಣವಾಗಿತ್ತು; ಏಕೆಂದರೆ ತೀರಿಸುವವನು ತಾನೇ. ಇಲ್ಲಿ ಕೈಯೆತ್ತಿದವನು ಒಬ್ಬ, ತೆರಬೇಕಾದವನು ಇನ್ನೊಬ್ಬ. ಆದರೂ ಆತ ಜವಾಬ್ದಾರಿಯಿಂದ ನುಣುಚಿಕೊಳ್ಳಲಿಲ್ಲ. 1839ರಲ್ಲಿ, ರಾಜ್ಯದೊಳಗಿನ ಕೇಂದ್ರ ಸರಕಾರದ ಭೂಮಿಯನ್ನು ಅಗ್ಗಕ್ಕೆ ಕೊಂಡು ಮಾರಿ ಹಣ ಹೊಂದಿಸೋಣವೆಂದ. ಭೂಕಂದಾಯ ಜಮೀನಿನ ಬೆಲೆಗನುಗುಣವಾಗಿರಬೇಕು, ಭಾರ ಬಹುಮಂದಿ ಬಡವರ ಮೇಲಲ್ಲ, ಸಿರಿವಂತರ ಮೇಲೆ ಬೀಳಬೇಕೆಂದು ವಾದಿಸಿದ. 1840ರಲ್ಲಿ ಬಡ್ಡಿ ಕಟ್ಟಲು ಹೊಸ ಸಾಲಪತ್ರಗಳನ್ನು ಸೂಚಿಸಿದ. ಸಾಲ ತೀರಿಸಲು ಸಾಲ ಮಾಡುವುದು ಎಲ್ಲಿಗೆ ಮುಟ್ಟುತ್ತದೆಂಬುದನ್ನು ಆತ ಸ್ವಂತ ಅನುಭವದಿಂದ ಬಲ್ಲವನೇ ಆಗಿದ್ದ.

ಆ ವರ್ಷದ ಡಿಸೆಂಬರ್ 5ರಂದು, ರಾಜ್ಯ ಬ್ಯಾಂಕಿಗೆ ಪ್ರತಿಕೂಲವಾಗುವ ನಿರ್ಣಯವನ್ನು ತಪ್ಪಿಸಲು, ಸಭೆಯ ಕೋರಂ ಮುರಿಯಲೆಂದು ಆತ ಇಬ್ಬರು ಸಂಗಡಿಗರೊಡನೆ ಕಿಟಕಿಯಿಂದ ಹಾರಿದ. ಅಷ್ಟರಲ್ಲಿ ಹಾಜರಿ ಎಣಿಸಿಯಾಗಿತ್ತು, ಹಾರಿದ್ದು ವ್ಯರ್ಥ. ಇಂಥ ದೃಶ್ಯಗಳು ನಮ್ಮ ಕಾಲದ ಸೃಷ್ಟಿಯೆಂದು ಬಗೆದವರಿಗೆ ಇದು ಸಮಾಧಾನವಾದೀತೋ ಏನೋ. ಎರಡು ಸಲ ಸಭಾಧ್ಯಕ್ಷ ಸ್ಥಾನಕ್ಕೆ ಸ್ಪರ್ಧಿಸಿ ಎರಡು ಸಲವೂ ಸೋತ. 1836ರಲ್ಲಿ ಜಿಲ್ಲೆಯಲ್ಲಿ ಅತ್ಯಧಿಕ ಮತ ಪಡೆದವನು 1840ರಲ್ಲಿ ಗೆದ್ದ ಐವರಲ್ಲಿ ಕೊನೆಯವನಾದ. 1842ರಲ್ಲಿ ಸ್ಪರ್ಧಿಸಲಿಲ್ಲ.

ಆ ಮಹಾಯೋಜನೆಯಿಂದ ರಾಜ್ಯಕ್ಕೆ ದಕ್ಕಿದ್ದು ಮೆರಿಡೋಸಿಯಾದಿಂದ ಸ್ಪ್ರಿಂಗ್‌ಫೀಲ್ಡಿನವರೆಗಿನ ಒಂದು ತುಂಡು ರೈಲುಮಾರ್ಗ. ಎಂಜಿನು ಕೆಟ್ಟ ಮೇಲೆ ಹೇಸರಗತ್ತೆಗಳು ಗಾಡಿ ಎಳೆದವು. 1847ರಲ್ಲಿ ಅದನ್ನು ಸುಮಾರು 21 ಸಾವಿರ ಡಾಲರಿಗೆ ಮಾರಿದರು. ಆ ಹೊತ್ತಿಗೆ ಲಿಂಕನ್ ಅಂಗಡಿಯ ಸಾಲದ ಕೊನೆಯ ಕಂತುಗಳನ್ನು ಕಟ್ಟುತ್ತಿದ್ದ. 1840ರ ದಶಕದ ಆರಂಭದಲ್ಲೇ ಬಡ್ಡಿ ಕಟ್ಟಲಾರದೆ ಕೈಚೆಲ್ಲಿದ್ದ ಇಲಿನಾಯ್, ಅದರ ಕೊನೆಯ ಬಾಕಿಯನ್ನು ತೀರಿಸಿದ್ದು 1880ರ ದಶಕದಲ್ಲಿ. ಲಿಂಕನ್ ಗುಂಡೇಟಿಗೆ ಬಲಿಯಾದುದು 1865ರಲ್ಲಿ.