ಗ್ರಂಥಕರ್ತನ ಕಾಲನಿರ್ಣಯ: ಪದ್ಮಪ್ರಭ ಮಲಧಾರಿದೇವನೂ ನಿಡುಗಲ್ ಸೀಮೆಯ ಶಾಸನಗಳೂ

ಪ್ರಾಚೀನ ಗ್ರಂಥವೊಂದನ್ನು ಓದುವಾಗ ನಮ್ಮ ಮುಂದೆ ಎರಡು ಪ್ರಶ್ನೆಗಳು ನಿಲ್ಲುತ್ತವೆ. ಗ್ರಂಥವು ಏನನ್ನು ಹೇಳುತ್ತದೆ ಎಂಬುದು ಮೊದಲನೆಯದು. ಹೇಳಿದವನು ಯಾರು, ಯಾವ ಕಾಲದವನು, ಯಾವ ದೇಶದವನು ಎಂಬುದು ಎರಡನೆಯದು. ನಮ್ಮ ಪೂರ್ವಿಕರು ಮೊದಲನೆಯದಕ್ಕೆ ಕೊಟ್ಟಷ್ಟು ಗಮನವನ್ನು ಎರಡನೆಯದಕ್ಕೆ ಕೊಡಲಿಲ್ಲ. ಆದಕಾರಣ ಕವಿಚರಿತ್ರೆಯೆಂಬುದು ನಮ್ಮಲ್ಲಿ ಬಹುಮಟ್ಟಿಗೆ ಆಧುನಿಕ ಶಾಸ್ತ್ರ. ಕನ್ನಡದಲ್ಲಿ ಅದಕ್ಕೆ ಭದ್ರವಾದ ತಳಹದಿಯನ್ನು ಹಾಕಿದ್ದು 1907, 1919 ಮತ್ತು 1929ರಲ್ಲಿ ಮೂರು ಸಂಪುಟಗಳಾಗಿ ಹೊರಬಂದ ‘ಕರ್ಣಾಟಕ ಕವಿಚರಿತೆ’. ಅದರ ಕರ್ತೃಗಳಾದ ರಾವ್ ಬಹದ್ದೂರ್ ಆರ್. ನರಸಿಂಹಾಚಾರ್ಯರು ಮೈಸೂರು ಸಂಸ್ಥಾನದ ಪ್ರಾಕ್ತನ ವಿಮರ್ಶ ಇಲಾಖೆಯ ಮುಖ್ಯಾಧಿಕಾರಿಗಳೂ ಆಗಿದ್ದರೆಂಬುದು ಆಕಸ್ಮಿಕವಲ್ಲ. ಓಲೆಯನ್ನೂ ಕಲ್ಲನ್ನೂ ಒಂದೇ ಕಣ್ಣಿನಿಂದ ಓದಬಲ್ಲವರಿಗೆ ಮಾತ್ರ ಸಾಧ್ಯವಾಗುವ ಕೆಲಸವದು.

ಈ ವಿಧಾನವು ಹೇಗೆ ನಡೆಯುತ್ತದೆ, ಎಲ್ಲಿ ಎಡವುವ ಸಂಭವವಿದೆ ಎಂಬುದನ್ನು ತೋರಿಸಲು ನಿಡುಗಲ್ ಸೀಮೆಗೆ ಸಂಬಂಧಿಸಿದ ಒಂದು ನಿದರ್ಶನವನ್ನು ಇಲ್ಲಿ ಪರಿಶೀಲಿಸುತ್ತೇವೆ. ಇಂದಿನ ಪಾವಗಡ ತಾಲ್ಲೂಕಿನಲ್ಲಿರುವ ನಿಡುಗಲ್ಲು ಒಂದು ಗಿರಿದುರ್ಗ. ಶಾಸನಗಳಲ್ಲಿ ಈ ಬೆಟ್ಟಕ್ಕೆ ಕಾಳಾಂಜನವೆಂಬ ಹೆಸರೂ ಉಂಟು. ಕರಿಕಾಲನ ವಂಶದವರೆಂದೂ ಒರೆಯೂರ್ ಪುರವರಾಧೀಶ್ವರರೆಂದೂ ಹೇಳಿಕೊಂಡ ಚೋಳ ಮನೆತನವೊಂದು ಹೆಂಜೇರಿನಿಂದಲೂ ನಿಡುಗಲ್ಲಿನಿಂದಲೂ ಈ ಸೀಮೆಯನ್ನು ಆಳುತ್ತಿತ್ತು. ಹೆಂಜೇರೆಂದರೆ ನೊಳಂಬರ ರಾಜಧಾನಿಯಾಗಿದ್ದ, ಈಗ ಆಂಧ್ರಪ್ರದೇಶಕ್ಕೆ ಸೇರಿರುವ ಹೇಮಾವತಿ. ಇತಿಹಾಸದ ಪಠ್ಯಗಳಲ್ಲಿ ಈ ಚೋಳರು ಸಾಮಾನ್ಯವಾಗಿ ಹೊಯ್ಸಳರೊಡನೆ ಕಾದಾಡಿದ ಸಾಮಂತರಾಗಿ ಮಾತ್ರ ಬಂದುಹೋಗುತ್ತಾರೆ. ಇವರ ನಾಡಿನಲ್ಲಿ ವಿದ್ಯೆಯೂ ನೆಲಸಿತ್ತೆಂಬುದಕ್ಕೆ ನಾವು ಹೇಳಹೊರಟಿರುವ ಗ್ರಂಥಕರ್ತನೇ ಸಾಕ್ಷಿ.

ಆತನೇ ಪದ್ಮಪ್ರಭ ಮಲಧಾರಿದೇವ. ಕುಂದಕುಂದಾಚಾರ್ಯರ ಪ್ರಾಕೃತ ಗ್ರಂಥಗಳಲ್ಲಿ ‘ನಿಯಮಸಾರ’ವೂ ಒಂದು. 187 ಗಾಹೆಗಳ ಈ ಗ್ರಂಥಕ್ಕೆ ‘ತಾತ್ಪರ್ಯವೃತ್ತಿ’ಯೆಂಬ ಸಂಸ್ಕೃತ ವ್ಯಾಖ್ಯಾನವನ್ನು ಬರೆದವನು ಈತ. ಮೂಲವನ್ನು ಹನ್ನೆರಡು ಅಧಿಕಾರಗಳಾಗಿ ವಿಂಗಡಿಸಿ, ಗದ್ಯದಲ್ಲಿ ಅರ್ಥವನ್ನು ವಿವರಿಸಿ, ನಡುನಡುವೆ ತನ್ನವೇ ಆದ ನೂರಾರು ಶ್ಲೋಕಗಳನ್ನು ಹೆಣೆದಿದ್ದಾನೆ. ಮೂಲವೂ ವ್ಯಾಖ್ಯಾನವೂ 1916ರಲ್ಲಿ ಮುಂಬಯಿಯಲ್ಲಿ ಅಚ್ಚಾಗಿ ವಿದ್ವಾಂಸರ ಕೈ ಸೇರಿದವು. ಗ್ರಂಥವೇನೋ ದೊರೆಯಿತು; ಗ್ರಂಥಕರ್ತನ ಕಾಲದೇಶಗಳು ಗ್ರಂಥದಲ್ಲಿ ದೊರೆಯಲಿಲ್ಲ.

ಮೊದಲು ಆಂತರಿಕ ಸಾಕ್ಷ್ಯವನ್ನು ನೋಡೋಣ. ಅಧಿಕಾರಗಳ ಕೊನೆಯ ಗದ್ಯಗಳಲ್ಲಿ ಗ್ರಂಥಕರ್ತನು ತನ್ನನ್ನು ಸುಕವಿಗಳೆಂಬ ಕಮಲಗಳಿಗೆ ಸೂರ್ಯನೆಂದೂ, ಪಂಚೇಂದ್ರಿಯಗಳ ಹರಹನ್ನು ತೊರೆದವನೆಂದೂ, ಮೈಯೊಂದನ್ನೇ ಆಸ್ತಿಯಾಗಿ ಉಳ್ಳವನೆಂದೂ ಬಣ್ಣಿಸಿಕೊಳ್ಳುತ್ತಾನೆ. ಇದರಿಂದ ಆತನ ಸ್ವಭಾವವು ತಿಳಿಯುತ್ತದೆ, ಕಾಲವು ತಿಳಿಯುವುದಿಲ್ಲ. ಆದರೆ ಆತನು ತನಗಿಂತ ಹಿಂದಿನವರ ಪದ್ಯಗಳನ್ನು ಧಾರಾಳವಾಗಿ ಉದ್ಧರಿಸುತ್ತಾನೆ. ಗುಣಭದ್ರ, ಅಮೃತಚಂದ್ರ, ಸೋಮದೇವ ಮೊದಲಾದವರು ಅಲ್ಲಿ ಬರುತ್ತಾರೆ. ಇವರಲ್ಲಿ ಸೋಮದೇವನ ‘ಯಶಸ್ತಿಲಕ’ವು ಶಕ 881ರಲ್ಲಿ, ಎಂದರೆ ಕ್ರಿ.ಶ. 959ರಲ್ಲಿ, ಮುಗಿದದ್ದು ಆ ಗ್ರಂಥದಿಂದಲೇ ಗೊತ್ತಾಗುತ್ತದೆ. ಪಂಪನ ಆಶ್ರಯದಾತನಾದ ಅರಿಕೇಸರಿಯ ಮಗನ ಆಳ್ವಿಕೆಯ ಕಾಲವದು. ಉದ್ಧರಿಸಿದವನು ಉದ್ಧೃತನಿಗಿಂತ ಈಚಿನವನಾಗಿರಲೇಬೇಕು. ಆದ್ದರಿಂದ ಪದ್ಮಪ್ರಭನು 959ಕ್ಕಿಂತ ಹಿಂದಿನವನಲ್ಲ. ಇದು ಪೂರ್ವಸೀಮೆ. ಇಷ್ಟರಿಂದ ಆತನನ್ನು ಹನ್ನೊಂದನೆಯ ಶತಮಾನದಲ್ಲಿಯೂ ಇರಿಸಬಹುದು, ಹದಿನಾಲ್ಕನೆಯದರಲ್ಲಿಯೂ ಇರಿಸಬಹುದು.

ಗ್ರಂಥವು ಇನ್ನೊಂದು ಸುಳಿವನ್ನೂ ಕೊಡುತ್ತದೆ. ಆರಂಭದ ವಂದನೆಯಲ್ಲಿ ಸಿದ್ಧಸೇನ, ಅಕಲಂಕ, ಪೂಜ್ಯಪಾದ ಎಂಬ ಪೂರ್ವಾಚಾರ್ಯರ ಜೊತೆಗೆ ವೀರನಂದಿಯೆಂಬ ವ್ರತಿಯನ್ನು ಪದ್ಮಪ್ರಭನು ಸ್ಮರಿಸುತ್ತಾನೆ. ಮೊದಲಿನ ಮೂವರು ಬಹು ಹಿಂದಿನವರು, ಲೋಕವಿಖ್ಯಾತರು. ಅವರ ಸಾಲಿನಲ್ಲಿ ವೀರನಂದಿಯ ಹೆಸರು ಬರಬೇಕಾದರೆ ಆತನೊಡನೆ ಗ್ರಂಥಕರ್ತನಿಗೆ ಹತ್ತಿರದ ಸಂಬಂಧವೇನಾದರೂ ಇದ್ದಿರಬೇಕೆಂದು ಊಹಿಸುವುದು ಅಸಂಗತವಲ್ಲ. ಆದರೆ ಊಹೆಯು ನಿರ್ಣಯವಲ್ಲ.

ಇನ್ನು ಬಾಹ್ಯ ಸಾಕ್ಷ್ಯ. ಬಿ. ಎಲ್. ರೈಸ್ ಅವರು 1904ರಲ್ಲಿ ಪ್ರಕಟಿಸಿದ ‘ಎಪಿಗ್ರಾಫಿಯ ಕರ್ನಾಟಿಕ’ದ ಹನ್ನೆರಡನೆಯ ಸಂಪುಟವು ತುಮಕೂರು ಜಿಲ್ಲೆಯ ಶಾಸನಗಳದು. ಅದರಲ್ಲಿರುವ ನಿಡುಗಲ್ಲಿನ ಶಾಸನವೊಂದು 1232ರದು. ಇರುಂಗೋಳನು ಆಳುತ್ತಿದ್ದಾಗ ಗಂಗೇಯನ ಮಾರೆಯನೆಂಬವನು ಬೆಟ್ಟದ ಮೇಲೆ ಪಾರ್ಶ್ವಜಿನ ಬಸದಿಯನ್ನು ಕಟ್ಟಿಸಿದುದನ್ನು ಅದು ತಿಳಿಸುತ್ತದೆ. ಮಾರೆಯನಿಗೆ ವ್ರತವನ್ನು ಕೊಟ್ಟ ಗುರು ನೇಮಿಪಂಡಿತ. ನೇಮಿಪಂಡಿತನ ಗುರು ಪದ್ಮಪ್ರಭ ಮಲಧಾರಿದೇವ. ಪದ್ಮಪ್ರಭನ ಗುರು ವೀರನಂದಿ ಸಿದ್ಧಾಂತಚಕ್ರವರ್ತಿ. ಮೂಲಸಂಘ, ದೇಶಿಯಗಣ, ಪುಸ್ತಕಗಚ್ಛ, ಕೊಂಡಕುಂದಾನ್ವಯ, ವಾಣದ ಬಳಿ ಎಂಬುದು ಅವರ ಪರಂಪರೆ. ಗ್ರಂಥದಲ್ಲಿ ಜೊತೆಯಾಗಿ ಬಂದ ಎರಡು ಹೆಸರುಗಳು ಇಲ್ಲಿ ಗುರುಶಿಷ್ಯರಾಗಿ ನಿಂತಿವೆ.

ಎರಡನೆಯ ಶಾಸನವು ನಿಡುಗಲ್ಲಿಗೆ ದೂರವಲ್ಲದ, ಮಡಕಶಿರಾ ಸೀಮೆಯ ಪಾಟಶಿವರದ್ದು. ಚಾಲುಕ್ಯ ನಾಲ್ಕನೆಯ ಸೋಮೇಶ್ವರನು ಸಾರ್ವಭೌಮನಾಗಿಯೂ ಭೋಗದೇವ ಚೋಳನು ಹೆಂಜೇರಿನಲ್ಲಿ ಸಾಮಂತನಾಗಿಯೂ ಇದ್ದಾಗ, ವೀರನಂದಿ ಸಿದ್ಧಾಂತಚಕ್ರವರ್ತಿಯ ಶಿಷ್ಯನಾದ ಪದ್ಮಪ್ರಭ ಮಲಧಾರಿದೇವನು ಮುಡಿಪಿದನೆಂದು ಅದು ಸಾರುತ್ತದೆ. ಇಲ್ಲಿಯೂ ಸಂಘ, ಗಣ, ಗಚ್ಛ, ಬಳಿ ಎಲ್ಲವೂ ನಿಡುಗಲ್ಲಿನ ಶಾಸನದಲ್ಲಿರುವಂತೆಯೇ ಇವೆ. ನಮ್ಮ ವ್ಯಾಖ್ಯಾನಕಾರನೇ ಈ ಶಾಸನಗಳ ಪದ್ಮಪ್ರಭನೆಂಬುದನ್ನು ಡಾ. ಆ. ನೇ. ಉಪಾಧ್ಯೆಯವರು 1942ರಲ್ಲಿ ಮುಂಬಯಿ ವಿಶ್ವವಿದ್ಯಾಲಯದ ಪತ್ರಿಕೆಯಲ್ಲಿ ಬರೆದ ಲೇಖನದಲ್ಲಿ ಪ್ರತಿಪಾದಿಸಿದರು. ಡಾ. ಪಿ. ಬಿ. ದೇಸಾಯಿಯವರು ದಕ್ಷಿಣಭಾರತದ ಜೈನಧರ್ಮವನ್ನು ಕುರಿತ 1957ರ ತಮ್ಮ ಗ್ರಂಥದಲ್ಲಿ ಈ ಸೀಮೆಯ ಜೈನ ಕೇಂದ್ರಗಳನ್ನು ವಿಸ್ತಾರವಾಗಿ ಚರ್ಚಿಸಿದ್ದಾರೆ.

ಹೆಸರುಗಳು ಹೊಂದಿದ ಮಾತ್ರಕ್ಕೆ ವ್ಯಕ್ತಿಗಳು ಒಂದಾಗುವರೆ? ವಿದ್ಯಾರ್ಥಿಗಳು ಇಲ್ಲಿ ಎಚ್ಚರಿಕೆಯಿಂದಿರಬೇಕು. ಜೈನಯತಿಗಳಲ್ಲಿ ಒಂದೇ ಹೆಸರಿನವರು ಹಲವರು. ‘ಚಂದ್ರಪ್ರಭಚರಿತ’ವನ್ನು ಬರೆದ ವೀರನಂದಿಯು ಅಭಯನಂದಿಯ ಶಿಷ್ಯ, ಹತ್ತನೆಯ ಶತಮಾನದವನು, ‘ಆಚಾರಸಾರ’ವನ್ನು ಬರೆದ ವೀರನಂದಿಯು 1115ರಲ್ಲಿ ತೀರಿಕೊಂಡ ಮೇಘಚಂದ್ರ ತ್ರೈವಿದ್ಯದೇವನ ಶಿಷ್ಯ, ಹನ್ನೆರಡನೆಯ ಶತಮಾನದವನು. ಇವರಲ್ಲಿ ಎರಡನೆಯವನ ಕಾಲವೂ ಗಣಗಚ್ಛಗಳೂ ಪದ್ಮಪ್ರಭನ ಗುರುವಿಗೆ ಒಪ್ಪುತ್ತವೆ. ಮೊದಲನೆಯವನನ್ನು ಕಾಲವೇ ಹೊರಗಿಡುತ್ತದೆ. ‘ಮಲಧಾರಿ’ಯೂ ಒಬ್ಬನ ಸ್ವಂತ ಹೆಸರಲ್ಲ, ಸ್ನಾನವನ್ನು ತೊರೆದು ಮೈಯ ಕೊಳೆಯನ್ನು ಧರಿಸಿದ ಯತಿಗಳಿಗೆ ಸಲ್ಲುವ ಬಿರುದು. ಇದೇ ಸೀಮೆಯ ಅಮರಾಪುರದ 1278ರ ಶಾಸನದಲ್ಲಿ ಬಾಳೇಂದು ಮಲಧಾರಿಯೆಂಬ ಇನ್ನೊಬ್ಬ ಯತಿಯು ಬರುತ್ತಾನೆ. ಆತನ ಗಣಗಚ್ಛಗಳೂ ಅವೇ. ಆದರೆ ಆತನದು ಇಂಗಳೇಶ್ವರದ ಬಳಿ, ಆತನ ಗುರು ತ್ರಿಭುವನಕೀರ್ತಿ. ಬಿರುದನ್ನೂ ಊರನ್ನೂ ಮಾತ್ರ ನೋಡಿದವರು ಇಬ್ಬರನ್ನು ಒಂದೇ ಪರಂಪರೆಗೆ ಕಟ್ಟಿಬಿಟ್ಟಾರು. ಬಳಿಯನ್ನೂ ಗುರುವನ್ನೂ ನೋಡಿದವರು ಹಾಗೆ ಮಾಡಲಾರರು. ಹೆಸರು, ಬಿರುದು, ಗುರು, ಬಳಿ, ಕಾಲ, ಈ ಐದರಲ್ಲಿ ಹೆಚ್ಚು ಹೊಂದಿದಷ್ಟೂ ನಿರ್ಣಯವು ಗಟ್ಟಿ. ಹೆಸರೊಂದೇ ಹೊಂದಿದರೆ ಅದು ನಿರ್ಣಯವೇ ಅಲ್ಲ.

ಇನ್ನು ಪಾಟಶಿವರದ ಶಾಸನದ ತಿಥಿ. ಶಕವರ್ಷ 1107, ವಿಶ್ವಾವಸು ಸಂವತ್ಸರ, ಫಾಲ್ಗುಣ ಶುದ್ಧ ಚೌತಿ, ಸೋಮವಾರ ಎಂದು ಅದರಲ್ಲಿದೆ. ಅನೇಕ ಗ್ರಂಥಗಳಲ್ಲಿ ಇದನ್ನು 1185ರ ಫೆಬ್ರವರಿ 24 ಎಂದು ಕೊಟ್ಟಿರುವುದು ಕಂಡುಬರುತ್ತದೆ. ಶಕವರ್ಷಕ್ಕೆ 78ನ್ನು ಕೂಡಿಸಿದರೆ ಕ್ರಿಸ್ತವರ್ಷವು ಬರುವುದೆಂಬ ಸಾಮಾನ್ಯ ಸೂತ್ರದಿಂದ 1185 ಬರುವುದು ನಿಜ. ಆದರೆ ವಿಶ್ವಾವಸುವು 1185ರ ಯುಗಾದಿಯಂದು ಮೊದಲಾಗಿ 1186ರಲ್ಲಿ ಮುಗಿಯಿತು. 2025ರ ಯುಗಾದಿಯಂದು ಮೊದಲಾದುದೂ ವಿಶ್ವಾವಸುವೇ. ಅರವತ್ತರ ಹದಿನಾಲ್ಕು ಸುತ್ತುಗಳನ್ನು, ಎಂದರೆ 840 ವರ್ಷಗಳನ್ನು, ಕಳೆದರೆ ಇದು ಯಾರಿಗಾದರೂ ಸಿದ್ಧವಾಗುತ್ತದೆ. ಫಾಲ್ಗುಣವು ವರ್ಷದ ಕಡೆಯ ಮಾಸ. ಆದ್ದರಿಂದ ಅದು 1186ಕ್ಕೆ ಬೀಳಬೇಕು. ವಾರವನ್ನು ಎಣಿಸಿದರೆ 1185ರ ಫೆಬ್ರವರಿ 24 ಭಾನುವಾರ, 1186ರ ಫೆಬ್ರವರಿ 24 ಸೋಮವಾರ. ಚಂದ್ರನ ಸಾಕ್ಷ್ಯವೂ ಇದಕ್ಕೆ ಅನುಕೂಲವಾಗಿದೆ. 1185ರ ಮೇ 1ರಂದು ನಡೆದ ಸೂರ್ಯಗ್ರಹಣವು ರಷ್ಯ ದೇಶದ ವೃತ್ತಾಂತಗಳಲ್ಲಿ ಪ್ರಸಿದ್ಧವಾದದ್ದು. ಗ್ರಹಣದ ದಿನ ಅಮಾವಾಸ್ಯೆಯಾಗಿರಲೇಬೇಕಷ್ಟೆ. ಅಲ್ಲಿಂದ ಹತ್ತು ಚಾಂದ್ರಮಾಸಗಳು ಮುಂದೆ ಎಣಿಸಿದರೆ 1186ರ ಫೆಬ್ರವರಿ 20ರ ಹೊತ್ತಿಗೆ ಅಮಾವಾಸ್ಯೆ, 24ಕ್ಕೆ ಚೌತಿ. ಹಿಂದಕ್ಕೆ ಎಣಿಸಿದರೆ 1185ರ ಫೆಬ್ರವರಿ 24 ಕೃಷ್ಣಪಕ್ಷಕ್ಕೆ ಬೀಳುತ್ತದೆ. ಸಂವತ್ಸರ, ವಾರ, ತಿಥಿ ಮೂರೂ ಒಂದೇ ಮಾತನ್ನು ಹೇಳುವುದರಿಂದ ಪದ್ಮಪ್ರಭನ ನಿಧನವನ್ನು 1186ರ ಫೆಬ್ರವರಿ 24, ಸೋಮವಾರ ಎಂದು ಗ್ರಹಿಸುವುದು ಯುಕ್ತವೆಂದು ನಮಗೆ ತೋರುತ್ತದೆ.

ಒಂದು ವರ್ಷದ ವ್ಯತ್ಯಾಸಕ್ಕೆ ಇಷ್ಟು ವಿಚಾರವೇಕೆಂದು ಕೇಳಬಹುದು. ತಿಥಿಯ ಅಂಗಗಳನ್ನು ಪರಸ್ಪರ ಪರೀಕ್ಷಿಸದೆ ಒಪ್ಪಿಕೊಳ್ಳುವ ಅಭ್ಯಾಸವೇ ಬೇರೆ ಕಡೆಗಳಲ್ಲಿ ನೂರು ವರ್ಷಗಳ ವ್ಯತ್ಯಾಸಕ್ಕೆ ಕಾರಣವಾಗುತ್ತದೆ ಎಂಬುದೇ ಉತ್ತರ. ಈ ನಿದರ್ಶನದಲ್ಲಿಯೇ ನೋಡಿರಿ: ನಿಡುಗಲ್ಲಿನ ಶಾಸನವೊಂದೇ ಉಳಿದಿದ್ದರೆ, 1232ರಲ್ಲಿ ಪ್ರಶಿಷ್ಯನು ಬಸದಿಯನ್ನು ಕಟ್ಟಿಸಿದ ಕಾರಣದಿಂದ ಪದ್ಮಪ್ರಭನನ್ನು ಹದಿಮೂರನೆಯ ಶತಮಾನದ ಆದಿಭಾಗಕ್ಕೆ ತಳ್ಳುತ್ತಿದ್ದೆವು. ಪಾಟಶಿವರದ ಶಾಸನವೊಂದೇ ಉಳಿದಿದ್ದರೆ, ಆತನ ಪರಂಪರೆಯು ನಿಡುಗಲ್ ಬೆಟ್ಟದಲ್ಲಿ ಮುಂದುವರಿದುದನ್ನು ಅರಿಯುತ್ತಿರಲಿಲ್ಲ. ಎರಡೂ ಇಲ್ಲದೆ ಗ್ರಂಥವೊಂದೇ ಉಳಿದಿದ್ದರೆ, 959ರ ಈಚೆಗೆ ಎಲ್ಲಿಯೋ ಇದ್ದ, ನೆಲೆಯಿಲ್ಲದ ಒಂದು ಹೆಸರು ಮಾತ್ರ ನಮಗೆ ಸಿಕ್ಕುತ್ತಿತ್ತು. ಗ್ರಂಥವು ಗ್ರಂಥಕರ್ತನ ಮನಸ್ಸನ್ನು ಕೊಟ್ಟಿತು. ಕಲ್ಲು ಆತನಿಗೆ ಗುರುವನ್ನು, ಶಿಷ್ಯನನ್ನು, ನಾಡನ್ನು, ಕೊನೆಯ ದಿನವನ್ನು ಕೊಟ್ಟಿತು.

ಆತನು ವ್ಯಾಖ್ಯಾನಕ್ಕಾಗಿ ಆರಿಸಿಕೊಂಡ ಆಚಾರ್ಯನಿಗೂ ಈ ನಾಡಿಗೂ ನಂಟುಂಟು. ಕುಂದಕುಂದರ ಹೆಸರಿಗೆ ಮೂಲವಾದ ಕೊಂಡಕುಂದೆಯು ಗುಂತಕಲ್ಲಿನ ಬಳಿಯ ಕೊನಕೊಂಡ್ಲವೆಂದು ದೇಸಾಯಿಯವರು ಗುರುತಿಸಿದ್ದಾರೆ. ಹನ್ನೆರಡನೆಯ ಶತಮಾನದಲ್ಲಿ ಈ ಗಡಿಸೀಮೆಯ ಯತಿಯೊಬ್ಬನು ಪ್ರಾಕೃತವನ್ನು ಓದಿ, ಸಂಸ್ಕೃತದಲ್ಲಿ ಬರೆದು, ಕನ್ನಡ ಶಾಸನದಲ್ಲಿ ಸ್ಮರಿಸಲ್ಪಟ್ಟನು. ಇಂದು ಈ ಮೂರು ಭಾಷೆಗಳನ್ನು ಮೂರು ಬೇರೆ ಬೇರೆ ವಿಭಾಗಗಳಲ್ಲಿ ಬೋಧಿಸಲಾಗುತ್ತದೆ. ಶಾಸನವು ಇತಿಹಾಸ ವಿಭಾಗಕ್ಕೆ ಸೇರುತ್ತದೆ. ಅಲ್ಲದೆ ನಿಡುಗಲ್ಲು ಕರ್ನಾಟಕದಲ್ಲಿಯೂ, ಪಾಟಶಿವರ, ಅಮರಾಪುರ, ಹೇಮಾವತಿಗಳು ಆಂಧ್ರಪ್ರದೇಶದ ಶ್ರೀ ಸತ್ಯಸಾಯಿ ಜಿಲ್ಲೆಯಲ್ಲಿಯೂ ಇವೆ. ಹೀಗೆ ಒಬ್ಬನೇ ಗ್ರಂಥಕರ್ತನು ನಾಲ್ಕು ಪಠ್ಯಕ್ರಮಗಳಲ್ಲಿಯೂ ಎರಡು ರಾಜ್ಯಗಳಲ್ಲಿಯೂ ಹಂಚಿಹೋಗಿದ್ದಾನೆ. ಆತನನ್ನು ಇಡಿಯಾಗಿ ಕಾಣಬೇಕಾದರೆ ಈ ಗಡಿಗಳನ್ನು ದಾಟಲೇಬೇಕು.

ಮಧುಗಿರಿ, ಸಿರಾ, ಕೊರಟಗೆರೆ, ಪಾವಗಡಗಳ ಕಾಲೇಜುಗಳಲ್ಲಿರುವ ಅಧ್ಯಾಪಕರಿಗೂ ವಿದ್ಯಾರ್ಥಿಗಳಿಗೂ ಇಲ್ಲಿ ಕೈಗೆಟಕುವ ಕೆಲಸವಿದೆ. ತಮ್ಮ ಸುತ್ತಣ ಪ್ರಕಟಿತ ಶಾಸನಗಳಲ್ಲಿ ಬರುವ ಆಚಾರ್ಯರ ಹೆಸರುಗಳನ್ನು, ಅವರ ಗುರು, ಗಣ, ಗಚ್ಛ, ಬಳಿ ಮತ್ತು ತಿಥಿಗಳೊಡನೆ, ಒಂದು ಪಟ್ಟಿಯಾಗಿ ಬರೆದಿಡಬೇಕು. ಕಲ್ಲು ಇಂದು ಎಲ್ಲಿದೆ, ಯಾವ ಸ್ಥಿತಿಯಲ್ಲಿದೆ ಎಂಬುದನ್ನೂ ಹೋಗಿ ನೋಡಿ ಗುರುತು ಹಾಕಿಕೊಳ್ಳಬೇಕು. ಅಚ್ಚಾದ ಪಾಠವು ಗ್ರಂಥಾಲಯದಲ್ಲಿ ಉಳಿಯುತ್ತದೆ. ಆದರೆ ಸಂದೇಹ ಬಂದಾಗ ಅಕ್ಷರವನ್ನು ಮತ್ತೆ ಪರೀಕ್ಷಿಸಲು ಕಲ್ಲೇ ಬೇಕು. ಮೆಟ್ಟಿಲಾಗಿಯೋ ಅಡಿಪಾಯವಾಗಿಯೋ ಅದು ಮರೆಯಾದ ಮೇಲೆ ಯಾವ ವಿಮರ್ಶೆಯೂ ಅದನ್ನು ಮರಳಿ ತರಲಾರದು. ಇನ್ನೂ ಕಾಲದೇಶಗಳು ಗೊತ್ತಾಗದ ಗ್ರಂಥಕರ್ತರು ನಮ್ಮ ಸಾಹಿತ್ಯದಲ್ಲಿ ಹಲವರಿದ್ದಾರೆ. ಅವರಲ್ಲಿ ಯಾರ ಹೆಸರು ಯಾವ ಊರಿನ ಕಲ್ಲಿನಲ್ಲಿ ಕಾದಿದೆಯೋ ಹುಡುಕಿದವರಿಗೇ ತಿಳಿಯಬೇಕು.