ಕೋಡಿಯಿಲ್ಲದ ಕೆರೆ

ತ್ಸೋ ಕಾರ್ ಸರೋವರದ ದಡದಲ್ಲಿ ನೆಲದಿಂದ ಒಂದು ಚೂರು ಬಿಳಿ ಹಕ್ಕಳೆ ಎಬ್ಬಿಸಿ ನಾಲಿಗೆಗೆ ತಾಗಿಸಿದೆ. ಮೊದಲು ಉಪ್ಪು, ಬೆನ್ನಿಗೇ ಕಹಿ. "ಅದನ್ನೇನೇ ನೆಕ್ತಿದ್ದೀಯ, ಉಗಿ ಮೊದಲು" ಎಂದು ಅಕ್ಕ ಗದರಿದಳು. ಉಗಿದೆ. ಕಹಿ ಮಾತ್ರ ಬಹಳ ಹೊತ್ತು ಬಾಯಲ್ಲೇ ಇತ್ತು.

ಜಯನಗರ, ಬನಶಂಕರಿ, ಜೆ.ಪಿ. ನಗರದ ಹನ್ನೊಂದು ಜನ ಸೇರಿ ಸೆಪ್ಟೆಂಬರಿನಲ್ಲಿ ಹೊರಟ ಹತ್ತು ದಿನಗಳ ಲಡಾಖ್ ಪ್ರವಾಸದ ಎಂಟನೆಯ ದಿನ ಅದು. ತ್ಸೋ ಕಾರ್ ಇರುವುದು ಸುಮಾರು 4,530 ಮೀಟರ್ ಎತ್ತರದಲ್ಲಿ, ನಮ್ಮ ಮುಳ್ಳಯ್ಯನಗಿರಿಯ ಎರಡು ಪಟ್ಟಿಗೂ ಮೇಲೆ. ಚಾಂಗ್‌ತಾಂಗ್ ಎಂಬ ಆ ಪ್ರಸ್ಥಭೂಮಿಯಲ್ಲಿ ಮರವೆಂಬುದಿಲ್ಲ. ಕಂದು ಬೆಟ್ಟ, ಕಡುನೀಲಿ ಆಕಾಶ, ನಡುವೆ ಸುಣ್ಣ ಬಳಿದಂಥ ಕೆರೆಯಂಚು. ಲಡಾಖಿ ನುಡಿಯಲ್ಲಿ ತ್ಸೋ ಎಂದರೆ ಸರೋವರ, ಕಾರ್ ಎಂದರೆ ಬಿಳಿ. "ಇದು ಟೆಥಿಸ್ ಸಮುದ್ರದ ಉಪ್ಪು, ಹಿಮಾಲಯ ಮೇಲೆದ್ದಾಗ ಇಲ್ಲಿ ಸಿಕ್ಕಿಕೊಂಡಿತು" ಎಂದರು ನಮ್ಮ ಗೈಡ್. ಲಡಾಖಿಗೆ ಹೋಗಿಬಂದ ಅನೇಕರು ಇದೇ ಕಥೆ ಹೇಳುತ್ತಾರೆ. ಸೊಗಸಾದ ಕಥೆ, ಆದರೆ ನಿಜವಾಗಿ ನಡೆದದ್ದು ಬೇರೆ.

ಟೆಥಿಸ್ ಇದ್ದದ್ದೇನೋ ಹೌದು. ಸುಮಾರು 5 ಕೋಟಿ ವರ್ಷಗಳ ಹಿಂದೆ ಭಾರತದ ಭೂಫಲಕ ಏಷ್ಯಾಕ್ಕೆ ಗುದ್ದಿದಾಗ ನಡುವಿನ ಕಡಲು ಮುಚ್ಚಿಹೋಯಿತು. ಅದರ ತಳದಲ್ಲಿದ್ದ ಕಲ್ಲನ್ನು ಸಿಂಧೂ ಕಣಿವೆಯ ನಿದರ್ ಊರಿನ ಬಳಿ ಇಂದೂ ಕಾಣಬಹುದು. ಲಾಲ್‌ಬಾಗಿನ ಬಂಡೆಗೆ 300 ಕೋಟಿ ವರ್ಷ ವಯಸ್ಸು. ಅದರ ಮುಂದೆ ಹಿಮಾಲಯ ಇನ್ನೂ ಹಸುಗೂಸು. ತ್ಸೋ ಕಾರ್ ನಿಂತಿರುವ ತಗ್ಗಂತೂ ಅದಕ್ಕಿಂತಲೂ ಎಷ್ಟೋ ಈಚಿನದು. ಅಲ್ಲಿಯ ಉಪ್ಪು ಯಾವುದೋ ಕಾಲದಲ್ಲಿ ಸಿಕ್ಕಿಕೊಂಡದ್ದಲ್ಲ. ಇವತ್ತೂ ಬರುತ್ತಿದೆ, ಅದೂ ಸಿಹಿನೀರಿನ ಜೊತೆಗೆ.

ಇದನ್ನು ತಿಳಿಯಲು ನಮ್ಮ ಕೆರೆಗಳೇ ಸಾಕು. ಹಿಂದಿನವರು ಏರಿ ಕಟ್ಟಿದಲ್ಲೆಲ್ಲ ಕೋಡಿಯನ್ನೂ ಕಟ್ಟಿದರು. ಬಿಟಿಎಂ ಬಡಾವಣೆಯ ಮಡಿವಾಳ ಕೆರೆ ತುಂಬಿ ಕೋಡಿ ಬಿದ್ದರೆ ನೀರು ಅಗರ ಕೆರೆಗೆ, ಅಲ್ಲಿಂದ ಬೆಳ್ಳಂದೂರು, ವರ್ತೂರು, ದಕ್ಷಿಣ ಪಿನಾಕಿನಿ, ಕೊನೆಗೆ ಬಂಗಾಳ ಕೊಲ್ಲಿ. ಮಳೆನೀರು ಕಲ್ಲುಮಣ್ಣಿನ ಮೇಲೆ ಹರಿಯುತ್ತ ಸೋಡಿಯಂ, ಕ್ಯಾಲ್ಸಿಯಂ, ಮೆಗ್ನೀಸಿಯಂಗಳನ್ನು ನಾಲಿಗೆಗೆ ತಿಳಿಯದಷ್ಟು ಕರಗಿಸಿಕೊಳ್ಳುತ್ತದೆ. ಕೋಡಿಯಿರುವ ಕೆರೆ ಆ ಲವಣವನ್ನು ಮುಂದಕ್ಕೆ ದಾಟಿಸುತ್ತದೆ. ಕಡೆಯ ಕೆರೆ ಸಮುದ್ರ, ಆದ್ದರಿಂದಲೇ ಅದು ಉಪ್ಪು. ತ್ಸೋ ಕಾರ್‌ಗೆ ಸುತ್ತಲೂ ಬೆಟ್ಟ. ಹೊರಹರಿವಿಲ್ಲ. ಬಂದ ನೀರಿಗೆ ಉಳಿದಿರುವುದು ಮೇಲಿನ ದಾರಿ ಮಾತ್ರ. ಆವಿಯಾಗುವ ನೀರು ತಾನೊಂದೇ ಹೋಗುತ್ತದೆ, ಉಪ್ಪನ್ನು ಹೊತ್ತೊಯ್ಯುವುದಿಲ್ಲ. ಸಾವಿರಾರು ವರ್ಷ ಹೀಗೆ ನಡೆದರೆ ಸಿಹಿನೀರೇ ಉಪ್ಪಿನ ಬಯಲನ್ನು ಮಾಡಿಬಿಡುತ್ತದೆ. ತುಂಗಭದ್ರಾ ಅಚ್ಚುಕಟ್ಟಿನ ರೈತರಿಗೆ ಇದನ್ನು ಯಾರೂ ಹೇಳಿಕೊಡಬೇಕಿಲ್ಲ. ಕಾಲುವೆ ಬಂತು, ಬಸಿಗಾಲುವೆ ಬರಲಿಲ್ಲ ಅಂದರೆ ಗದ್ದೆ ಸವಳಾಗುತ್ತದೆ. ಅಲ್ಲಿ ಬೆಳ್ಳಗೆ ಹೂತ ನೆಲವೂ ತ್ಸೋ ಕಾರ್ ದಡವೂ ದಾಯಾದಿಗಳು.

ಇದಕ್ಕೆ ಪುರಾವೆ ಅಲ್ಲೇ ಪಕ್ಕದಲ್ಲಿದೆ. ಅದೇ ತಗ್ಗಿನ ದಕ್ಷಿಣಕ್ಕೆ ಸ್ಟಾರ್ಟ್ಸಪುಕ್ ತ್ಸೋ ಎಂಬ ಚಿಕ್ಕ ಸರೋವರವಿದೆ. ಅದೇ ಬೆಟ್ಟಗಳು, ಅದೇ ಗಾಳಿ, ಅದೇ ಬಿಸಿಲು. ಆದರೆ ಅದರ ನೀರು ತೊರೆಯಾಗಿ ಹರಿದು ತ್ಸೋ ಕಾರ್ ಸೇರುತ್ತದೆ. ಕೋಡಿ ಉಂಟು, ಹಾಗಾಗಿ ನೀರು ಸಿಹಿ, ಸುತ್ತ ಹಸಿರು ಹುಲ್ಲು. ಪ್ರಯೋಗಾಲಯದಲ್ಲಿ ಎರಡು ಬಟ್ಟಲಿಟ್ಟು ತೋರಿಸಿದ ಹಾಗೆ. ಬೆಟ್ಟದಾಚೆಯ ಪೂಗಾ ಕಣಿವೆಯಲ್ಲಿ ಬಿಸಿನೀರ ಬುಗ್ಗೆಗಳು ಬಿಳಿಗಾರವನ್ನೂ ಗಂಧಕವನ್ನೂ ಹೊರಹಾಕುತ್ತವೆ. ಅಲ್ಲಿ ಲವಣಕ್ಕೇನೂ ಕೊರತೆಯಿಲ್ಲ, ಆದರೂ ಉಪ್ಪುಕೆರೆ ಆಗಲಿಲ್ಲ. ಪೂಗಾ ತೊರೆ ಸಿಂಧೂವಿಗೆ ಸೇರಿ, ಕರಗಿದ್ದೆಲ್ಲ ಅರಬ್ಬಿ ಸಮುದ್ರದ ದಾರಿ ಹಿಡಿಯುತ್ತದೆ.

ತ್ಸೋ ಕಾರ್ ಸುತ್ತಲಿನ ಬೆಟ್ಟಗಳ ಮೈಮೇಲೆ ಒಂದರ ಮೇಲೊಂದು ಅಡ್ಡಗೆರೆಗಳಿವೆ. ಬಕೆಟ್ಟಿನ ನೀರು ಇಳಿದಂತೆ ಒಳಗೋಡೆಯಲ್ಲಿ ಕರೆ ಉಳಿಯುವುದಿಲ್ಲವೇ, ಹಾಗೆ. ಇಂದಿನ ನೀರಿಗಿಂತ ಹತ್ತಾರು ಮೀಟರ್ ಮೇಲಿನ ಆ ಗೆರೆಗಳು ಹಳೆಯ ದಡಗಳು. ಹಿಮ ಹೆಚ್ಚು ಕರಗುತ್ತಿದ್ದ ಕಾಲದಲ್ಲಿ ಎರಡೂ ಸರೋವರ ಒಂದೇ ಆಗಿ ತುಂಬಿ ನಿಂತಿತ್ತು.

ಇನ್ನು ಆ ಕಹಿಯ ವಿಷಯ. ಗೋಕರ್ಣದ ಹತ್ತಿರ ಸಾಣಿಕಟ್ಟೆಯ ಉಪ್ಪಿನ ಆಗರದಲ್ಲಿ ನಡೆಯುವುದನ್ನು ನೆನೆಯಿರಿ. ಕಡಲ ನೀರು ಒಣಗುವಾಗ ಎಲ್ಲ ಲವಣವೂ ಒಟ್ಟಿಗೆ ಹರಳುಗಟ್ಟುವುದಿಲ್ಲ, ಸರದಿಯಿದೆ. ಮೊದಲು ಸುಣ್ಣ. ನೀರು ಐದರಲ್ಲೊಂದು ಪಾಲಿಗೆ ಇಳಿಯುವ ಹೊತ್ತಿಗೆ ಜಿಪ್ಸಂ. ಹತ್ತರಲ್ಲೊಂದು ಪಾಲಾದಾಗ ನಾವು ಉಣ್ಣುವ ಉಪ್ಪು. ಕೊನೆಗುಳಿಯುವ ದ್ರವದಲ್ಲಿ ಮೆಗ್ನೀಸಿಯಂ ಲವಣಗಳು, ಬಾಯಿಗೆ ಕಹಿ. ಆಗರದವರು ಈ ಕಹಿನೀರನ್ನು ಹೊರಕ್ಕೆ ಬಿಟ್ಟುಬಿಡುತ್ತಾರೆ, ಅದಕ್ಕೇ ಅವರ ಉಪ್ಪು ರುಚಿ. ತ್ಸೋ ಕಾರ್‌ನಲ್ಲಿ ಹೊರಗೆ ಬಿಡುವವರಿಲ್ಲ, ಬಿಡಲು ದಾರಿಯೂ ಇಲ್ಲ. ಅಡುಗೆ ಉಪ್ಪಿನ ಜೊತೆಗೆ ಸೋಡಿಯಂ, ಮೆಗ್ನೀಸಿಯಂಗಳ ಸಲ್ಫೇಟುಗಳೂ ಅಲ್ಲೇ ಒಣಗುತ್ತವೆ. ನನ್ನ ನಾಲಿಗೆಗೆ ಸಿಕ್ಕಿದ್ದು ಆ ಬೆರಕೆ.

ಆದರೂ ಅದು ಒಂದು ಜನಾಂಗದ ಬದುಕಾಗಿತ್ತು. ಪಶ್ಮೀನಾ ಮೇಕೆ ಸಾಕುವ ಚಾಂಗ್ಪಾ ಅಲೆಮಾರಿಗಳು ಈ ಕೆರೆಯಂಚಿನ ಉಪ್ಪನ್ನು ಪುಟ್ಟ ಚೀಲಗಳಲ್ಲಿ ತುಂಬಿ, ಕುರಿ ಮೇಕೆಗಳ ಬೆನ್ನಿಗೆ ಹೇರಿ, ಕಣಿವೆಯ ಊರುಗಳಿಗೆ ನಡೆದು ಹೋಗಿ ಬಾರ್ಲಿ ತರುತ್ತಿದ್ದರು. ಪೊಟ್ಟಣದ ಉಪ್ಪು ಲಾರಿಯಲ್ಲಿ ಬಂದಮೇಲೆ ಆ ವ್ಯಾಪಾರ ನಿಂತಿತು. ನಮಗೆ ಬೆಣ್ಣೆ, ಉಪ್ಪು ಹಾಕಿದ ಗುರ್‌ಗುರ್ ಚಹಾ ಕೊಟ್ಟ ಮನೆಯಲ್ಲೂ ಉಪ್ಪು ಅಂಗಡಿಯದೇ.

ಇಷ್ಟಕ್ಕೂ ಕೆರೆ ತುಂಬಿ ಹೊರಚೆಲ್ಲುವಷ್ಟು ಮಳೆ ಅಲ್ಲಿ ಯಾಕಿಲ್ಲ? ಆಗುಂಬೆಯಲ್ಲಿ ವರ್ಷಕ್ಕೆ ಸುಮಾರು 7,000 ಮಿ.ಮೀ. ಸುರಿಯುತ್ತದೆ; ಘಟ್ಟದ ಮೋಡ ಅಲ್ಲೇ ಬರಿದಾಗಿ, ಚಳ್ಳಕೆರೆಗೆ ಬರುವಾಗ 500ರ ಆಸುಪಾಸು. ಇದು ಮಳೆ ನೆರಳು. ಸಹ್ಯಾದ್ರಿ ಇಷ್ಟು ಮಾಡಬಲ್ಲದಾದರೆ ಅದರ ಮೂರು ನಾಲ್ಕು ಪಟ್ಟು ಎತ್ತರದ ಹಿಮಾಲಯ ಏನು ಮಾಡೀತು? ಲೇಹ್‌ನಲ್ಲಿ ಇಡೀ ವರ್ಷಕ್ಕೆ ಸುಮಾರು 100 ಮಿ.ಮೀ. ಅಷ್ಟು ಮಳೆ ಬೆಂಗಳೂರಿನಲ್ಲಿ ಒಂದೇ ರಾತ್ರಿ ಸುರಿದು ಸಿಲ್ಕ್ ಬೋರ್ಡ್ ಸುತ್ತ ನೀರು ನಿಂತದ್ದನ್ನು ಕಂಡಿದ್ದೇವೆ. ದಕ್ಷಿಣ ಅಮೆರಿಕದ ಆಂಡೀಸ್‌ನಲ್ಲೂ ಇದೇ ಕಥೆ, ಇನ್ನೂ ದೊಡ್ಡದಾಗಿ. ಬೊಲಿವಿಯಾದ ಉಯುನಿ ಉಪ್ಪಿನ ಬಯಲು 3,650 ಮೀಟರ್ ಎತ್ತರದಲ್ಲಿ 10,000 ಚದರ ಕಿಲೊಮೀಟರಿಗೂ ಹೆಚ್ಚು ಹಬ್ಬಿದೆ, ಬೆಂಗಳೂರು ನಗರ ಜಿಲ್ಲೆಯಂಥ ನಾಲ್ಕು ಅದರೊಳಗೆ ಹಿಡಿಸುತ್ತವೆ. ಎಷ್ಟು ಸಮತಟ್ಟೆಂದರೆ ಉಪಗ್ರಹಗಳ ಎತ್ತರಮಾಪಕಗಳನ್ನು ಅದರ ಮೇಲೆ ಸರಿಹೊಂದಿಸುತ್ತಾರೆ.

ನೀರಿನದಷ್ಟೇ ಅಲ್ಲ, ಲಡಾಖಿನಲ್ಲಿ ಗಾಳಿಯದೂ ಕೊರತೆ. ಗಾಂಧಿ ಬಜಾರಿನ ಕಾಂಡಿಮೆಂಟ್ಸ್ ಅಂಗಡಿಯಿಂದ ಅಕ್ಕ ಒಯ್ದಿದ್ದ ಕೋಡುಬಳೆ ಪೊಟ್ಟಣ ಲೇಹ್ ತಲುಪುವಾಗ ಬಲೂನಿನಂತೆ ಉಬ್ಬಿತ್ತು. ಒಳಗಿದ್ದದ್ದು 920 ಮೀಟರ್ ಎತ್ತರದ ಬೆಂಗಳೂರಿನ ಗಾಳಿ, ಕಡಲಮಟ್ಟದ ಒತ್ತಡದ ಸುಮಾರು ಶೇ. 90. ಹೊರಗೆ 3,500 ಮೀಟರಿನ ಲೇಹ್, ಸುಮಾರು ಶೇ. 65. ತ್ಸೋ ಕಾರ್‌ನಲ್ಲಿ ಶೇ. 57ರಷ್ಟು. ಅಲ್ಲಿ ನೀರು ಸುಮಾರು 85 ಡಿಗ್ರಿಗೇ ಕುದಿಯುತ್ತದೆ. ಕುಕ್ಕರ್ ಇಲ್ಲದೆ ತೊಗರಿಬೇಳೆ ಬೇಯುವ ಮಾತಿಲ್ಲ. ಗಾಳಿಯಲ್ಲಿ ಆಮ್ಲಜನಕದ ಪಾಲು ಎಲ್ಲ ಕಡೆಯೂ ಶೇ. 21ರಷ್ಟೇ. ಕಡಿಮೆಯಾಗುವುದು ಒಂದು ಉಸಿರಿಗೆ ಸಿಗುವ ಒಟ್ಟು ಗಾಳಿ.

ದೇಹ ಇದನ್ನು ಸರಿದೂಗಿಸುವ ಬಗೆ ನನಗೆ ಈ ಪ್ರವಾಸದ ಅತಿ ದೊಡ್ಡ ಬೆರಗು. ಮೊದಲ ರಾತ್ರಿ ಲೇಹ್‌ನಲ್ಲಿ ಎಚ್ಚರವಾದಾಗ ಪಕ್ಕದಲ್ಲಿ ಅಕ್ಕನ ಉಸಿರು ನಿಂತಂತಿತ್ತು. ನಾಲ್ಕೈದು ಕ್ಷಣ ಕಳೆದು ದೀರ್ಘವಾಗಿ ಎಳೆದುಕೊಂಡಳು, ಮತ್ತೆ ನಿಂತಿತು. ನನ್ನ ಎದೆ ಹೊಡೆದುಕೊಂಡಿತು. ಮರುದಿನ ಅಲ್ಲಿನ ವೈದ್ಯರು ವಿವರಿಸಿದರು. ಆಮ್ಲಜನಕ ಸಾಲದೆ ನಾವು ಬೇಗಬೇಗ ಉಸಿರಾಡುತ್ತೇವೆ. ಆಗ ರಕ್ತದ ಇಂಗಾಲದ ಡೈಆಕ್ಸೈಡ್ ಮಿತಿಮೀರಿ ಹೊರಹೋಗಿ ರಕ್ತ ಕ್ಷಾರವಾಗುತ್ತದೆ. "ಸಾಕು, ನಿಧಾನಿಸು" ಎಂದು ಮೆದುಳು ಉಸಿರಿಗೆ ತಡೆ ಹಾಕುತ್ತದೆ. ನಿದ್ದೆಯಲ್ಲಿ ಈ ಎರಡು ಅಪ್ಪಣೆಗಳ ಜಗ್ಗಾಟ ಹೀಗೆ ಕಾಣಿಸಿಕೊಳ್ಳುತ್ತದೆ. ಬಿಡಿಸುವುದು ಮೂತ್ರಪಿಂಡ. ಹೆಚ್ಚಾದ ಬೈಕಾರ್ಬನೇಟನ್ನು ಅದು ಮೂತ್ರದಲ್ಲಿ ಹೊರಗೆ ಬಿಡುತ್ತದೆ. ದೇಹಕ್ಕೂ ಒಂದು ಕೋಡಿ ಇದೆ ಅನ್ನಿ. ಆದರೆ ಅದು ಹರಿಯಲು ದಿನಗಳು ಬೇಕು. ಲೇಹ್‌ನಲ್ಲಿ ಸುಮ್ಮನೆ ಮಲಗಿರಿ ಎನ್ನುವುದು ಇದಕ್ಕೇ. ವೈದ್ಯರು ಕೆಲವರಿಗೆ ಕೊಡುವ ಅಸೆಟಜೋಲಮೈಡ್ ಮಾತ್ರೆಯೂ ಈ ಕೋಡಿಯನ್ನೇ ಬೇಗ ತೆರೆಯುತ್ತದೆ. ಅದನ್ನು ಅವರನ್ನು ಕೇಳದೆ ನುಂಗಬಾರದು.

ಇದನ್ನು ಹಗುರವಾಗಿ ಎಣಿಸುವಂತಿಲ್ಲ. 1962ರ ಯುದ್ಧದ ವೇಳೆ ಬಯಲಿನಿಂದ ಏಕಾಏಕಿ ಮೇಲೆ ಹೋದ ಯೋಧರು ಬಿದ್ದದ್ದನ್ನು ನಮ್ಮ ಸೇನಾ ವೈದ್ಯರು ಕಣ್ಣಾರೆ ಕಂಡರು. ಇಂದರ್ ಸಿಂಗ್ ಮತ್ತು ಸಂಗಡಿಗರು 1,925 ಯೋಧರ ಪರ್ವತಬೇನೆಯನ್ನು ಅಧ್ಯಯನ ಮಾಡಿ 1969ರಲ್ಲಿ ಪ್ರಕಟಿಸಿದ ವರದಿ ಈ ಕ್ಷೇತ್ರದ ಬುನಾದಿಗಳಲ್ಲೊಂದು. ಎತ್ತರದಲ್ಲಿ ಶ್ವಾಸಕೋಶದ ರಕ್ತನಾಳಗಳು ಬಿಗಿದುಕೊಂಡು ಒತ್ತಡ ಏರಿ ಗಾಳಿಚೀಲಗಳಲ್ಲಿ ನೀರು ತುಂಬಿದರೆ, ಆಮ್ಲಜನಕ ಕೊಟ್ಟು ತಡಮಾಡದೆ ಕೆಳಗಿಳಿಸಬೇಕು, ಇಲ್ಲವಾದರೆ ಪ್ರಾಣ ಹೋಗುತ್ತದೆ. 3,000 ಮೀಟರ್ ದಾಟಿದ ಮೇಲೆ ಮಲಗುವ ಜಾಗವನ್ನು ದಿನಕ್ಕೆ 500 ಮೀಟರಿಗಿಂತ ಹೆಚ್ಚು ಏರಿಸಬಾರದು ಎಂಬುದು ವೈದ್ಯರ ಸೂತ್ರ. ನಾವು ಮೊದಲು ವಿಚಾರಿಸಿದ ಪ್ರವಾಸ ಸಂಸ್ಥೆಯೊಂದು ಲೇಹ್ ತಲುಪಿದ ಮರುದಿನವೇ 4,200 ಮೀಟರಿಗೂ ಎತ್ತರದ ಪಾಂಗಾಂಗ್ ಸರೋವರದ ಬಳಿ ತಂಗಿಸುವ ಪಟ್ಟಿ ಕೊಟ್ಟಿತ್ತು. ಅರವತ್ತು ದಾಟಿದವರೂ ಇದ್ದ ಗುಂಪಿಗೆ! ಬೇಡವೆಂದು, ಲೇಹ್‌ನಲ್ಲೇ ಮೂರು ರಾತ್ರಿ ಕಳೆಯುವ, ಮುಂದೆಯೂ ಮೆಟ್ಟಿಲು ಮೆಟ್ಟಿಲಾಗಿ ಏರುವ ಬೇರೆ ಪಟ್ಟಿ ಮಾಡಿಸಿದೆವು. ಟಿಬೆಟ್ ಪ್ರಸ್ಥಭೂಮಿಯ ಜನ ಇದನ್ನೆಲ್ಲ ವಂಶವಾಹಿಯಲ್ಲೇ ಪಡೆದವರು. ಅವರ ಇಪಿಎಎಸ್1 ಜೀನಿನ ವಿಶೇಷ ರೂಪ ಡೆನಿಸೋವನ್ ಎಂಬ ಅಳಿದುಹೋದ ಮಾನವರಿಂದ ಬಂದದ್ದೆಂದು 2014ರಲ್ಲಿ ತಿಳಿಯಿತು. ನಮಗೆ ಸಾವಿರಾರು ವರ್ಷಗಳ ಆ ಬಳುವಳಿಯಿಲ್ಲ, ಮೂರು ರಾತ್ರಿಯಾದರೂ ಬೇಕು.

ತ್ಸೋ ಕಾರ್‌ಗೆ ಮುಂಚೆ ಎರಡು ರಾತ್ರಿ ಹಾನ್ಲೆ ಎಂಬ ಊರಿನಲ್ಲಿದ್ದೆವು. ಬೆಂಗಳೂರಿನವರು ಅಲ್ಲಿ ನಿಂತಾಗ ಹೆಮ್ಮೆಪಡಬೇಕು. ಬಿಟಿಎಂನಿಂದ ನಡೆದೇ ಹೋಗಬಹುದಾದ ಕೋರಮಂಗಲದ ಭಾರತೀಯ ಖಭೌತ ಸಂಸ್ಥೆ ಅಲ್ಲಿ, 4,500 ಮೀಟರ್ ಎತ್ತರದ ಬೆಟ್ಟದ ನೆತ್ತಿಯ ಮೇಲೆ, 2 ಮೀಟರ್ ವ್ಯಾಸದ ಹಿಮಾಲಯನ್ ಚಂದ್ರ ದೂರದರ್ಶಕವನ್ನು ಸ್ಥಾಪಿಸಿದೆ. ಅದಕ್ಕೆ ಮೊದಲ ಬೆಳಕು ಬಿದ್ದದ್ದು 2000ದ ಸೆಪ್ಟೆಂಬರಿನಲ್ಲಿ. ವಿಜ್ಞಾನಿಗಳು ಕುಳಿತು ಅದನ್ನು ನಡೆಸುವುದು ನಮ್ಮ ಹೊಸಕೋಟೆಯ ಕೇಂದ್ರದಿಂದ, ಉಪಗ್ರಹದ ಮೂಲಕ. ಕೆರೆಯನ್ನು ಉಪ್ಪಾಗಿಸಿದ ಒಣಗಾಳಿಯೇ ಅವರಿಗೆ ಬೇಕಾದದ್ದು. ನೀರಾವಿ ನಕ್ಷತ್ರಗಳ ಅವಕೆಂಪು ಕಿರಣಗಳನ್ನು ಹೀರಿಬಿಡುತ್ತದೆ. ಹಾನ್ಲೆಯ ತಲೆಮೇಲಿನ ನೀರಾವಿಯನ್ನೆಲ್ಲ ಇಳಿಸಿ ಹರಡಿದರೆ ಒಳ್ಳೆಯ ದಿನಗಳಲ್ಲಿ 2 ಮಿ.ಮೀ.ಗೂ ಕಡಿಮೆ, ನಮ್ಮ ಮಳೆಗಾಲದ ಗಾಳಿಯಲ್ಲಿ ಅದರ ಹತ್ತು ಪಟ್ಟಿಗೂ ಹೆಚ್ಚು. ಟ್ರಾಪಿಸ್ಟ್-1 ಎಂಬ ತಂಪು ನಕ್ಷತ್ರದ ಸುತ್ತ ಭೂಮಿಯಷ್ಟು ಗಾತ್ರದ ಗ್ರಹಗಳಿವೆ ಎಂದು 2016ರಲ್ಲಿ ಪ್ರಕಟವಾಯಿತಲ್ಲ, ಆ ವೀಕ್ಷಣೆಗಳಲ್ಲಿ ಹಾನ್ಲೆಯ ಪಾಲೂ ಇತ್ತು.

2022ರ ಡಿಸೆಂಬರಿನಲ್ಲಿ ಹಾನ್ಲೆ ಸುತ್ತಲಿನ 1,073 ಚದರ ಕಿಲೊಮೀಟರನ್ನು ಕತ್ತಲ ಆಕಾಶದ ಮೀಸಲು ಪ್ರದೇಶವೆಂದು ಘೋಷಿಸಿದರು. ಊರವರಿಗೇ ತರಬೇತಿ ಕೊಟ್ಟು ದೂರದರ್ಶಕ ಒದಗಿಸಿದ್ದಾರೆ. ನಮಗೆ ಶನಿಯ ಬಳೆ ತೋರಿಸಿದ್ದು ಅಲ್ಲಿಯ ಒಬ್ಬ ಹೆಣ್ಣುಮಗಳು. ಜೆ.ಪಿ. ನಗರದ ತಾರಸಿಯಲ್ಲಿ ಬೆರಳಲ್ಲಿ ಎಣಿಸುವಷ್ಟು ಚುಕ್ಕಿ ಕಾಣುವ ನಮಗೆ ಆಕಾಶಗಂಗೆಯ ನಡುವಿನ ಕಪ್ಪು ಧೂಳಿನ ಪಟ್ಟೆಗಳೂ ಕಂಡವು. ಹೋಗುವವರು ಅಮಾವಾಸ್ಯೆಯ ಆಸುಪಾಸಿಗೆ ತಾರೀಖು ಗೊತ್ತುಮಾಡಿಕೊಳ್ಳಿ.

ತ್ಸೋ ಕಾರ್ ಜೌಗು 2020ರಿಂದ ಅಂತರರಾಷ್ಟ್ರೀಯ ಮಹತ್ವದ ಜೌಗುಗಳ ರಾಮ್ಸಾರ್ ಪಟ್ಟಿಯಲ್ಲಿದೆ. ಆದರೂ ಉಪ್ಪಿನ ಹಕ್ಕಳೆಯ ಮೇಲೆ ಗಾಲಿಯ ಗುರುತುಗಳಿದ್ದವು, ಯಾರೋ ಗಾಡಿ ಇಳಿಸಿ ಫೋಟೊ ತೆಗೆಸಿಕೊಂಡದ್ದು. ವರ್ಷಕ್ಕೆ ಅಷ್ಟೇ ಅಷ್ಟು ಮಳೆ ಬೀಳುವಲ್ಲಿ ಅವು ಅಳಿಸುವುದು ಯಾವಾಗ? ನಮ್ಮ ಗೈಡ್ ಗಾಡಿಯನ್ನು ರಸ್ತೆಯಲ್ಲೇ ನಿಲ್ಲಿಸಿದರು. ಸಂಜೆ ಸ್ಟಾರ್ಟ್ಸಪುಕ್ ಕಡೆಗೆ ನಿಧಾನವಾಗಿ ನಡೆದೆವು. ಹುಲ್ಲಿನಲ್ಲಿ ಕಪ್ಪು ಕೊರಳಿನ ಎರಡು ಕೊಕ್ಕರೆ, ನಡುವೆ ಕಂದು ತಲೆಯ ಒಂದು ಮರಿ. ಅವು ಗೂಡು ಕಟ್ಟುವುದು ಇಲ್ಲಿ, ಸಿಹಿನೀರಿನ ಜೌಗಿನಲ್ಲಿ. ದೂರದಿಂದಲೇ ನೋಡಿ, ತೊರೆ ಉಪ್ಪುಕೆರೆಯತ್ತ ಹರಿಯುವ ಕಡೆ ಬಂದೆವು. ಬಾಗಿ ಬೆರಳು ಅದ್ದಿ ನಾಲಿಗೆಗೆ ಇಟ್ಟುಕೊಂಡೆ. ಈ ಸಲ ಅಕ್ಕ ಗದರಲಿಲ್ಲ.

"ಹೇಗಿದೆಯೇ?"

"ಸಪ್ಪೆ" ಎಂದೆ. ಅವಳೂ ಬಾಗಿ ಬೆರಳು ಅದ್ದಿದಳು.